ಕೊನೆಯ ಸೇವನೆಯ ಕಾಲಂ

ಎಂಟು ದಿನ ಕುಡಿಯದೆ ಇರುವುದು ಇವನ ಕೈಲಿ ಆಗುವ ಮಾತೇ ಅಲ್ಲ ಎಂದು ಮೊದಲು ಹೇಳಿದವಳು ಅವನ ಸ್ವಂತ ಅಕ್ಕ. ಅದೂ ನನ್ನ ಮೇಜಿನ ಮುಂದೆ, ಅವನು ಪಕ್ಕದಲ್ಲೇ ನಿಂತಿರುವಾಗ.

"ಎಂಟು ದಿನಾನಾ? ಎಂಟು ಗಂಟೆ ಇದ್ರೆ ನೋಡಾನ ಮೇಡಮ್ಮಾ. ಇವ್ನು ಬಿಡೋದು, ನಾವು ನೋಡೋದು, ಅದೆಲ್ಲ ಆಗೋ ಓಗೋ ಮಾತಲ್ಲ."

ಬಂಗಾರಪೇಟೆಯ ಒಂದು ಕಲ್ಯಾಣ ಮಂಟಪದಲ್ಲಿ ನಡೆದ ಮದ್ಯವರ್ಜನ ಶಿಬಿರದ ಮೊದಲ ದಿನ ಅದು. ಸೋಮವಾರ, ಬೆಳಿಗ್ಗೆ ಹತ್ತೂವರೆ. ಆಷಾಢವಾದ್ದರಿಂದ ಮದುವೆಗಳಿರಲಿಲ್ಲ, ಮಂಟಪ ಸುಲಭವಾಗಿ ಸಿಕ್ಕಿತ್ತು. ಮೇಲಿನ ಮಹಡಿಯ 'ವಧುವಿನ ಕೋಣೆ' ನನ್ನ ಔಷಧಿ ಕೋಣೆಯಾಯಿತು. 'ವರನ ಕೋಣೆ'ಯಲ್ಲಿ ನಾಲ್ಕು ಮಂಚ ಹಾಕಿ, ನಡುಕ ಹೆಚ್ಚಾದವರಿಗೆ ಎಂದು ಇಟ್ಟೆವು. ಬೋರ್ಡುಗಳನ್ನು ಯಾರೂ ತೆಗೆಯಲಿಲ್ಲ. ಕುಡಿತ ಬಿಡಲು ಬಂದಿದ್ದ ಐವತ್ತೆಂಟು ಗಂಡಸರು ಅದನ್ನು ಓದಿ ನಗುವುದೇ ನಗುವುದು. ಡಾಕ್ಟರು ಬೆಳಿಗ್ಗೆ ಒಮ್ಮೆ, ಸಂಜೆ ಒಮ್ಮೆ ಬಂದು ಹೋಗುತ್ತಿದ್ದರು. ಉಳಿದ ಹೊತ್ತಿಗೆ ಐವತ್ತೆಂಟು ಜನಕ್ಕೆ ನರ್ಸ್ ನಾನೊಬ್ಬಳೇ.

ಕೆಳಗಿನ ಸಭಾಂಗಣದ ಗೋಡೆಗೆ ಒಂದು ದೊಡ್ಡ ಪೋಸ್ಟರ್ ಅಂಟಿಸಿದ್ದರು. ದೇಶದಲ್ಲಿ ಕುಡಿತಕ್ಕೆ, ಮಾದಕ ವಸ್ತುಗಳಿಗೆ ಎಷ್ಟು ಜನ ಸಿಕ್ಕಿಬಿದ್ದಿದ್ದಾರೆ, ವರ್ಷಕ್ಕೆ ಎಷ್ಟು ಜನ ಸಾಯುತ್ತಾರೆ ಎಂದು ಅದರಲ್ಲಿ ಕೆಂಪು ಅಕ್ಷರದಲ್ಲಿತ್ತು. ಅದರ ಮುಂದೆ ನಿಂತು ನಾನು ಯೋಚಿಸಿದ್ದು ನಮ್ಮಪ್ಪನನ್ನು. ನಾನು ನರ್ಸಿಂಗ್ ಮೂರನೇ ವರ್ಷದಲ್ಲಿದ್ದಾಗ ಅಪ್ಪ ಹೋದರು. ಮರಣ ಪತ್ರದಲ್ಲಿ ಕಾರಣ 'ಹೃದಯಾಘಾತ' ಎಂದಿದೆ. ಆ ಪೋಸ್ಟರಿನ ಲೆಕ್ಕದೊಳಗೆ ಅಪ್ಪ ಇಲ್ಲ. ನಮ್ಮ ಬೀದಿಯ ಇನ್ನೂ ಮೂರು ಜನ ಇಲ್ಲ.

ಇಲ್ಲಿ ನನ್ನ ಬಗ್ಗೆ ಒಂದು ಮಾತು ಹೇಳಲೇಬೇಕು, ಯಾಕೆಂದರೆ ತಪ್ಪು ಹುಟ್ಟಿದ್ದು ಅಲ್ಲೇ. ಬೇತಮಂಗಲದ ಹತ್ತಿರ ನಮ್ಮೂರು. ನಮ್ಮ ಮನೆಯಲ್ಲಿ ಡಿಗ್ರಿ ಕೈಗೆ ತಗೊಂಡ ಮೊದಲಿಗಳು ನಾನು. ಅವ್ವ ಟೊಮ್ಯಾಟೊ ತೋಟಗಳಲ್ಲಿ ಕೂಲಿ ಮಾಡಿ ಓದಿಸಿದ್ದು. ಕಾಲೇಜಿನಲ್ಲಿ ನಾನು 'ಓಗ್ತೀನಿ', 'ಸಾಯಂತ್ರ' ಎಂದರೆ ಹುಡುಗಿಯರು ಬಾಯಿಗೆ ದುಪಟ್ಟಾ ಅಡ್ಡ ಇಟ್ಟು ನಗುತ್ತಿದ್ದರು. ನಾಲ್ಕು ವರ್ಷ ನಾಲಿಗೆಯನ್ನು ತಿದ್ದಿ ತಿದ್ದಿ ಸರಿಮಾಡಿಕೊಂಡೆ. ಕೆಲಸದ ಜಾಗದಲ್ಲಿ ನಾನು ಮಾತಾಡುವುದು ಪುಸ್ತಕದ ಕನ್ನಡ. ಅದರ ಬಗ್ಗೆ ನನಗೆ ಹೆಮ್ಮೆ ಇತ್ತು, ಈಗಲೂ ಇದೆ.

ಪ್ರತಿಯೊಬ್ಬರಿಗೂ ಒಂದು ಫಾರಂ. ಹೆಸರು, ವಯಸ್ಸು, ಕಾಯಿಲೆ ಆದಮೇಲೆ ಬರುವ ಕಾಲಂ: 'ಕೊನೆಯ ಮದ್ಯ ಸೇವನೆ: ದಿನ, ಸಮಯ, ಪ್ರಮಾಣ'. ಇಡೀ ಫಾರಮಿನಲ್ಲಿ ಜೀವ ಇರುವುದು ಈ ಕಾಲಮಿನಲ್ಲಿ. ವರ್ಷಗಟ್ಟಲೆ ಕುಡಿದವನು ಒಮ್ಮೆಲೇ ನಿಲ್ಲಿಸಿದರೆ ಮೈ ತಿರುಗಿಬೀಳುತ್ತದೆ. ಮೊದಲ ದಿನ ನಡುಕ, ಬೆವರು. ಎರಡನೆಯ ದಿನ ಫಿಟ್ಸ್ ಬರಬಹುದು. ಎರಡು ದಿನ ದಾಟಿ ಮೂರನೆಯ ದಿನಕ್ಕೆ ಬಿದ್ದಾಗ ಕೆಲವರಿಗೆ ತಲೆ ಕೆಡುತ್ತದೆ, ಇಲ್ಲದ್ದು ಕಾಣುತ್ತದೆ, ಜ್ವರ ಏರುತ್ತದೆ, ಹೃದಯ ಓಡುತ್ತದೆ. ಅಲ್ಲಿ ಸಾಯುವವರೂ ಇದ್ದಾರೆ. ಇದನ್ನು ತಡೆಯಲು ಮಾತ್ರೆ ಇದೆ. ಆದರೆ ಹೊಟ್ಟೆಯಲ್ಲಿ ಇನ್ನೂ ಸಾರಾಯಿ ಇರುವಾಗ ಆ ಮಾತ್ರೆ ಕೊಟ್ಟರೆ ಉಸಿರೇ ನಿಲ್ಲಬಹುದು. ಹಾಗಾಗಿ ಯಾವಾಗ ಕುಡಿದ ಎಂಬುದು ಗೊತ್ತಿಲ್ಲದೆ ಯಾವಾಗ ಕೊಡಬೇಕು, ಎಷ್ಟು ಕೊಡಬೇಕು ಎಂಬುದು ಗೊತ್ತಾಗುವುದಿಲ್ಲ.

ಅವನು ಪೇಂಟರ್. ನಲವತ್ತರ ಆಸುಪಾಸು. ಊರಿಗಾಂನಲ್ಲಿ, ಗಣಿ ಕೆಲಸಗಾರರಿಗೆಂದು ಸಾಲಾಗಿ ಕಟ್ಟಿದ ಹಳೆಯ ಲೈನ್ ಮನೆಯೊಂದರಲ್ಲಿ ಒಬ್ಬನೇ ಇದ್ದ. ಹೆಂಡತಿ ತವರಿಗೆ ಹೋಗಿ ವರ್ಷವಾಗಿತ್ತು. ದಿನಾ ಬೆಳಗಿನ ರೈಲಿಗೆ ಬೆಂಗಳೂರಿಗೆ ಹೋಗಿ, ಕಟ್ಟುವ ಮನೆಗಳಿಗೆ ಬಣ್ಣ ಹೊಡೆದು ಬರುವವನು. ಅಕ್ಕ ಬೇತಮಂಗಲದ ಕಡೆ ಕೂಲಿ ಮಾಡುವವಳು. ಭಾನುವಾರವೇ ಬಂದು ಅವನ ಮನೆಯಲ್ಲಿದ್ದು, ಸೋಮವಾರ ಕರೆತಂದಿದ್ದಳು.

ನಾನು ಅಕ್ಕನನ್ನು ಕೇಳಿದೆ. ಕುಡಿಯುವವನ ಮಾತು ನಂಬಬೇಡಿ, ಜೊತೆಗೆ ಬಂದವರನ್ನು ಕೇಳಿ ಎಂದೇ ನಮಗೆ ಹೇಳಿಕೊಟ್ಟಿದ್ದು.

"ಕೊನೆಯದಾಗಿ ಮದ್ಯ ಯಾವಾಗ ತೆಗೆದುಕೊಂಡರು?"

"ಮಂದಾ? ಇವತ್ತು ಒತ್ತಾರೆನೇ ಕೊಟ್ಟು ಕರ್ಕೊಂಡ್ ಬಂದೆ. ಆರು ಗಂಟೆಗೆ."

"ಎಷ್ಟು?"

"ಎರಡು."

ಮಂದು ಎಂದರೆ ನಮ್ಮ ಕಡೆ, ತೆಲುಗು ಬೆರೆತ ಮಾತಿನಲ್ಲಿ, ಸಾರಾಯಿ. ನಮ್ಮ ಮನೆಯಲ್ಲಿ ಅಪ್ಪ ಇರುವತನಕ ಆ ಪದಕ್ಕೆ ಬೇರೆ ಅರ್ಥವೇ ಇರಲಿಲ್ಲ. ಬೆಳಿಗ್ಗೆ ಕೈ ನಡುಗಬಾರದೆಂದು ಮನೆಯವರೇ ಕುಡಿಸಿ ಕರೆತರುವುದೂ ಹೊಸದಲ್ಲ. ಬರೆದುಕೊಂಡೆ: 'ಸೋಮವಾರ, ಬೆಳಿಗ್ಗೆ ೬, ಎರಡು ಪ್ಯಾಕೆಟ್'.

"ನಾನು ಶನಿವಾರಾನೇ ಬಿಟ್ಟಿದೀನಿ ಸಿಸ್ಟರ್," ಎಂದ ಅವನು, ಮೆಲ್ಲಗೆ.

"ಊಂ, ಬಿಟ್ಟೆ. ದಿನಾ ಬಿಡ್ತೀಯ, ದಿನಾ ಇಡ್ಕೋತೀಯ. ಸುಮ್ಕೆ ನಿಂತ್ಕೊಳ್ಲಾ," ಎಂದಳು ಅಕ್ಕ. ಸಾಲಿನಲ್ಲಿದ್ದವರು ನಕ್ಕರು. ನಾನೂ ನಕ್ಕಿರಬೇಕು.

ಮುಂದಿನ ಕಾಲಂ 'ಉಸಿರಿನಲ್ಲಿ ವಾಸನೆ'. ಬಗ್ಗಿ ನೋಡಿದೆ. ಇರಲಿಲ್ಲ. 'ಇಲ್ಲ' ಎಂದು ನನ್ನ ಕೈಯಿಂದಲೇ ಬರೆದೆ. ಒಂದರ ಪಕ್ಕ ಒಂದು ಎರಡು ಕಾಲಂ, ಒಂದೇ ಪೆನ್ನು, ಒಂದೇ ನಿಮಿಷ. ನಾಲ್ಕು ಗಂಟೆ ಹಿಂದೆ ಎರಡು ಪ್ಯಾಕೆಟ್ ಕುಡಿದವನ ಬಾಯಲ್ಲಿ ವಾಸನೆ ಯಾಕಿಲ್ಲ ಎಂದು ನನಗೆ ಅನ್ನಿಸಲೇ ಇಲ್ಲ. ಹಿಂದೆ ಇನ್ನೂ ಮೂವತ್ತು ಜನ ನಿಂತಿದ್ದರು.

ಸಂಜೆ ಡಾಕ್ಟರು ಫಾರಂ ನೋಡಿ, "ಬೆಳಿಗ್ಗೆ ಕುಡಿದಿದಾರೆ. ಇವತ್ತು ಅರ್ಧ ಡೋಸ್ ಸಾಕು. ನಾಳೆ ಏರಿಸೋಣ," ಎಂದರು. ಅವರು ನಂಬಿದ್ದು ನನ್ನ ಅಕ್ಷರವನ್ನು.

ಮಂಗಳವಾರ ಬೆಳಿಗ್ಗೆ ಅವನ ನಾಡಿ ನೂರ ಹದಿನೆಂಟು ಇತ್ತು. ರಕ್ತದೊತ್ತಡ ಏರಿತ್ತು. ಅಂಗಿಯ ಬೆನ್ನು ಒದ್ದೆ. ಕಣ್ಣು ಮುಚ್ಚಿಲ್ಲ ಎಂದ. ಆ ದಿನ ಡಾಕ್ಟರಿಗೆ ಆಸ್ಪತ್ರೆಯಲ್ಲಿ ಕೆಲಸವಿತ್ತು, ಮಧ್ಯಾಹ್ನ ಬರುವುದಾಗಿ ಹೇಳಿದ್ದರು. ನನ್ನ ಲೆಕ್ಕದಲ್ಲಿ ಅವನಿಗೆ ಇಪ್ಪತ್ತೇಳು ಗಂಟೆ ಆಗಿತ್ತು. ಇಪ್ಪತ್ತೇಳು ಗಂಟೆಗೆ ಇಷ್ಟು ನಡುಕ ಸಹಜ. ಚೀಟಿಯಲ್ಲಿದ್ದ ಬೆಳಗಿನ ಮಾತ್ರೆ ಕೊಟ್ಟೆ, ಬಿ-ಒನ್ ಇಂಜೆಕ್ಷನ್ ಕೊಟ್ಟೆ, 'ನಿರೀಕ್ಷಿತ' ಎಂದು ಬರೆದೆ.

ಹನ್ನೊಂದು ಗಂಟೆಯ ಸುಮಾರಿಗೆ ಹೊರಗಿನ ಬಾಲ್ಕನಿಯಿಂದ ನಗು ಕೇಳಿಸಿತು. ಏಳೆಂಟು ಜನ ಗುಂಪಾಗಿ ನಿಂತಿದ್ದರು.

"ನೋಡ್ಲಾ, ಛತ್ರದೋರ್ಗೆ ಫ್ರೀ ಪೇಂಟಿಂಗು."

"ಲೇ ಮೇಸ್ತ್ರಿ, ಆ ಮೂಲೆ ಬಿಟ್ಬಿಟ್ಟೆ ಕಣ್ಲಾ."

ಅವನು ಗೋಡೆಗೆ ಬಣ್ಣ ಹೊಡೆಯುತ್ತಿದ್ದ. ಕೈಯಲ್ಲಿ ಏನೂ ಇರಲಿಲ್ಲ. ಬಲಗೈ ಮೇಲಿಂದ ಕೆಳಗೆ, ಕೆಳಗಿಂದ ಮೇಲೆ ಹೋಗುತ್ತಿತ್ತು, ಒಂದೇ ಅಳತೆಯಲ್ಲಿ. ಆಗಾಗ ಬಗ್ಗಿ ಇಲ್ಲದ ಡಬ್ಬಿಯಲ್ಲಿ ಇಲ್ಲದ ಬ್ರಷ್ಷನ್ನು ಅದ್ದಿ, ಅಂಚಿಗೆ ಒರೆಸಿಕೊಳ್ಳುತ್ತಿದ್ದ. ಕೆಲಸ ಬಲ್ಲವನ ಕೈ. ಒಂದು ಕ್ಷಣ ನನಗೂ ಅವನು ತಮಾಷೆ ಮಾಡುತ್ತಿದ್ದಾನೆ ಎಂದೇ ಅನ್ನಿಸಿತು. ಆಮೇಲೆ ಅವನ ಮುಖ ನೋಡಿದೆ. ಅದರಲ್ಲಿ ತಮಾಷೆ ಇರಲಿಲ್ಲ. ನಮ್ಮಲ್ಲಿ ಯಾರೂ ಅವನಿಗೆ ಕಾಣುತ್ತಿರಲಿಲ್ಲ.

ಹೆಸರು ಹಿಡಿದು ಕರೆದೆ. ತಿರುಗಲಿಲ್ಲ. ಅವನು ಬಾಲ್ಕನಿಯ ಕಟ್ಟೆಯ ಕಡೆ ನಡೆದ. ಎದೆಮಟ್ಟದ ಕಟ್ಟೆ, ಪಕ್ಕದಲ್ಲಿ ಪ್ಲಾಸ್ಟಿಕ್ ಕುರ್ಚಿಗಳ ಅಟ್ಟಿ. ಅದನ್ನು ಹತ್ತಿ ಕಟ್ಟೆಯ ಮೇಲೆ ನಿಂತು, ಮೇಲಿನ ಸೂರಿನ ಅಂಚಿಗೆ ಕೈ ಚಾಚಿದ. ಕೆಳಗೆ ಸಿಮೆಂಟಿನ ಅಂಗಳ. ನಗು ನಿಂತಿತು.

ಓಡಿ ಹಿಡಿದರೆ ಬೆಚ್ಚಿ ಬೀಳುತ್ತಾನೆ, ಹಿಡಿಯದಿದ್ದರೂ ಬೀಳುತ್ತಾನೆ. "ದಯವಿಟ್ಟು ಕೆಳಗಿಳಿಯಿರಿ," ಎಂದೆ. ನನ್ನ ಪುಸ್ತಕದ ಕನ್ನಡ ಅವನ ಕಿವಿಗೆ ಹೋಗಲಿಲ್ಲ. ಅವನಿಗೆ ಅದು ಕಟ್ಟೆಯಲ್ಲ, ಬಣ್ಣ ಹೊಡೆಯಲು ಹತ್ತಿ ನಿಲ್ಲುವ ಸಾರುವೆ ಮರ. ಅವನು ಕೆಲಸದಲ್ಲಿದ್ದ. ಅದು ಹೊಳೆದದ್ದೇ ಬಾಯಿಂದ ನಮ್ಮೂರ ಮಾತು ಬಂತು.

"ಅಣ್ಣಾ, ಊಟಕ್ಕೆ ಬಿಟ್ರು. ಇಳ್ಕೊಂಡ್ ಬಾ. ಎಲ್ರೂ ಓದ್ರು."

ಕೈ ನಿಂತಿತು. "ಸೆಕೆಂಡ್ ಕೋಟ್ ಐತೆ," ಎಂದ.

"ಫಸ್ಟ್ ಕೋಟ್ ಒಣಗ್ಲಿ. ಸಾಯಂತ್ರ ಒಡ್ಯಾನ. ಬಾ."

ಅವನು ಬ್ರಷ್ಷನ್ನು ಡಬ್ಬಿಯ ಮೇಲೆ ಅಡ್ಡ ಇಟ್ಟು, ಬೆನ್ನು ತಿರುಗಿಸಿ, ಒಂದೊಂದೇ ಕಾಲು ಇಳಿಸಿ ಬಂದ. ನಕ್ಕವರೇ ಇಬ್ಬರು ಅವನ ಕಂಕುಳಿಗೆ ಕೈ ಕೊಟ್ಟು ವರನ ಕೋಣೆಗೆ ಕರೆತಂದರು. ಮೈ ಮುಟ್ಟಿದರೆ ಕಾವಲಿ. ನಾಡಿ ನೂರ ನಲವತ್ತು.

ಡಾಕ್ಟರಿಗೆ ಫೋನ್ ಮಾಡಿದೆ.

"ಕೊನೆಗೆ ಕುಡಿದಿದ್ದು ಯಾವಾಗ?"

ಫಾರಂ ಓದಿದೆ.

"ಇಪ್ಪತ್ತೊಂಬತ್ತು ಗಂಟೆಗೆ ಇಷ್ಟು ಜ್ವರ, ಇಷ್ಟು ಗೊಂದಲ? ಹೊಂದಲ್ಲ. ತಲೆಗೆ ಪೆಟ್ಟಾಗಿದ್ಯಾ ನೋಡಿ. ಶುಗರ್ ನೋಡಿ. ಐದು ನಿಮಿಷಕ್ಕೆ ಮತ್ತೆ ಮಾಡ್ತೀನಿ."

ತಲೆಗೆ ಪೆಟ್ಟಿರಲಿಲ್ಲ. ಶುಗರ್ ಸರಿಯಿತ್ತು. 'ಹೊಂದಲ್ಲ' ಎಂಬ ಮಾತು ಮಾತ್ರ ತಲೆಯಲ್ಲಿ ನಿಂತಿತು. ಫಾರಂ ಮತ್ತೆ ನೋಡಿದೆ. ಎರಡು ಪ್ಯಾಕೆಟ್. ವಾಸನೆ ಇಲ್ಲ. ಆಗ ಕಂಡಿತು.

ಅಕ್ಕ ಊರಿಗೆ ಹೋಗಿರಲಿಲ್ಲ. ಮನೆಯವರನ್ನು ಒಳಗೆ ಬಿಡುವುದಿಲ್ಲವಾದ್ದರಿಂದ ಗೇಟಿನ ಹೊರಗೆ ಹುಣಸೆ ಮರದಡಿ ಕೂತಿದ್ದಳು. ಓಡಿದೆ.

"ನಿನ್ನೆ ಬೆಳಿಗ್ಗೆ ಎರಡು ಕೊಟ್ಟೆ ಅಂದ್ರಲ್ಲ?"

"ಊಂ, ಕೊಟ್ಟೆ. ಒಂದು ಕೆಂಪುದು, ಒಂದು ಬಿಳೀದು."

"ಎಲ್ಲಿಂದ ತಂದಿದ್ದು?"

"ರಾಬರ್ಟ್‌ಸನ್‌ಪೇಟೆ ಮೆಡಿಕಲ್ಲಿಂದ. ಭಾನುವಾರೆಲ್ಲ ವಾಂತಿ ಮಾಡ್ತಿದ್ನಲ್ಲ, ಗ್ಯಾಸು ಅಂತ ಎರಡು ಥರ ಕೊಟ್ರು. ಯಾಕಮ್ಮಾ, ಕೊಡಬಾರ್ದಿತ್ತಾ?"

ತೆಲುಗಿನಲ್ಲಿ ಮಂದು ಎಂದರೆ ಔಷಧಿಯೂ ಹೌದು, ಸಾರಾಯಿಯೂ ಹೌದು. ನಾನು 'ಮದ್ಯ' ಎಂದು ಕೇಳಿದ್ದೆ. ಅದು ಅವಳ ಬಳಕೆಯ ಪದವೇ ಅಲ್ಲ. ಅವಳಿಗೆ ಕೇಳಿಸಿದ್ದು 'ಮದ್ದು'. ಮದ್ದಿಗೆ ತನ್ನ ಮಾತಿನಲ್ಲಿ ಮಂದು ಎಂದಳು. ಎರಡು ಎಂದದ್ದು ಎರಡು ಮಾತ್ರೆ. ನಾನು ಅದನ್ನು ನಮ್ಮಪ್ಪನ ಮಂದು ಎಂದು ಕೇಳಿಸಿಕೊಂಡೆ.

"ಅಕ್ಕಾ, ಕುಡಿಯೋ ಮಂದು. ಅದು ಯಾವಾಗ?"

"ಅದಾ? ಶನಿವಾರ ಸಾಯಂತ್ರಾನೇ ಬಿಟ್ಬಿಟ್ಟೆ ಅಂದ. ಮಾಲೆ ಆಕೋಕೆ ಮುಂಚೆ ಬಿಡ್ತಾರಲ್ಲ, ಅಂಗೆ ಶುದ್ಧವಾಗಿ ಓಗ್ಬೇಕು, ಕುಡ್ದು ಓದ್ರೆ ಮರ್ಯಾದೆ ಅಲ್ಲ ಅಂದ. ನಾನೇ ನಂಬ್ನಿಲ್ಲ. ಆದ್ರೆ ಭಾನುವಾರ ನನ್ ಕಣ್ ಮುಂದೇನೇ ಇದ್ದ, ಮುಟ್ನಿಲ್ಲ. ವಾಂತಿ ಇತ್ತಲ್ಲ, ಅದ್ಕೇ ಮುಟ್ತಿಲ್ಲ ಅಂದ್ಕೊಂಡೆ."

ಶನಿವಾರ ಸಂಜೆ. ಬೆರಳಲ್ಲಿ ಎಣಿಸಿದೆ. ಅರವತ್ತೈದು ಗಂಟೆ. ಸೋಮವಾರ ಅವನು ನನ್ನ ಮೇಜಿನ ಮುಂದೆ ನಿಂತಾಗಲೇ ಪೂರ್ತಿ ಡೋಸ್ ಬೇಕಾಗಿತ್ತು. ಇಡೀ ಒಂದು ದಿನ ನಾನು ತಡೆಹಿಡಿದಿದ್ದೆ.

ಮೆಟ್ಟಿಲು ಹತ್ತುವಾಗ ಫಾರಂ ಕೈಯಲ್ಲೇ ಇತ್ತು. ಒಂದು ಮಾತನ್ನು ಮುಚ್ಚಿಡದೆ ಹೇಳುತ್ತೇನೆ. 'ಸೋಮ' ಎಂಬುದನ್ನು 'ಶನಿ' ಮಾಡುವುದು ಎಷ್ಟು ಸುಲಭ ಎಂದು ನಾನು ಯೋಚಿಸಿದೆ. ಎರಡೇ ಅಕ್ಷರ. ಹೊಸ ಫಾರಂ ಬೇಕಾದರೂ ಇತ್ತು. ಯಾರಿಗೂ ಗೊತ್ತಾಗುವುದಿಲ್ಲ. ಅಥವಾ ಆ ಹೆಂಗಸು ತಪ್ಪು ಹೇಳಿದಳು ಎನ್ನಬಹುದು, ಓದು ಬಾರದವಳ ಮಾತನ್ನು ಯಾರು ಕೇಳುತ್ತಾರೆ. ಅವನು ಸತ್ತರೆ ನನ್ನ ಕೆಲಸ ಹೋಗುತ್ತದೆ, ರಿಜಿಸ್ಟ್ರೇಷನ್ ಹೋಗುತ್ತದೆ, ಇಂಥವರನ್ನೆಲ್ಲ ಓದಿಸಿದರೆ ಇಷ್ಟೇ ಎನ್ನುವವರ ಬಾಯಿಗೆ ನಾನೇ ಅನ್ನ ಹಾಕಿದಂತಾಗುತ್ತದೆ. ಬೆವರು ಅವನಿಗಷ್ಟೇ ಅಲ್ಲ, ನನಗೂ ಬಂದಿತ್ತು.

ಆದರೆ ಫಾರಂ ತಿದ್ದಿದರೆ ಡಾಕ್ಟರು ಕೇಳುತ್ತಾರೆ: ಶನಿವಾರ ಬಿಟ್ಟವನಿಗೆ ನಿನ್ನೆ ಅರ್ಧ ಡೋಸ್ ಯಾಕೆ ಹೋಯಿತು? ಅದಕ್ಕೆ ಇನ್ನೊಂದು ಸುಳ್ಳು ಬೇಕು. ಆ ಸುಳ್ಳು ಹೊಂದಿಸುವಷ್ಟು ಹೊತ್ತು ಅವನ ಹತ್ತಿರ ಇರಲಿಲ್ಲ.

ಫೋನ್ ಬಂತು. "ಸರ್, ಇಪ್ಪತ್ತೊಂಬತ್ತು ಅಲ್ಲ. ಅರವತ್ತೈದು ಗಂಟೆ. ನಾನು ತಪ್ಪು ಬರೆದಿದ್ದೇನೆ."

"ಇದುವರೆಗೆ ಎಷ್ಟು ಹೋಗಿದೆ ಹೇಳಿ." ಹೇಳಿದೆ. "ತಪ್ಪಿನ ವಿಷಯ ಆಮೇಲೆ. ಈಗ ಐ.ವಿ. ಲೈನ್ ಹಾಕಿ. ಲೋರಜೆಪಾಮ್ ಎರಡು ಎಂ.ಜಿ., ನಿಧಾನ, ಎರಡು ನಿಮಿಷ ತಗೊಳ್ಳಿ. ಬಿ-ಒನ್ ಇನ್ನೊಂದು ಕೊಡಿ, ಅದಕ್ಕೆ ಮುಂಚೆ ಗ್ಲೂಕೋಸ್ ಮುಟ್ಟಬೇಡಿ. ಉಸಿರು ಎಣಿಸ್ತಾ ಇರಿ. ನೂರೆಂಟಕ್ಕೆ ಫೋನ್ ಮಾಡಿ, ಕೋಲಾರಕ್ಕೆ ಕಳಿಸಿ. ನಾನು ಅಲ್ಲೇ ಇರ್ತೀನಿ."

ಶಿಬಿರ ಸಮಿತಿಯ ಅಧ್ಯಕ್ಷರು ಬಾಗಿಲಲ್ಲಿ ನಿಂತಿದ್ದರು. ಊರಿನ ಹಿರಿಯರು, ಒಳ್ಳೆಯವರು. "ಸಿಸ್ಟರ್, ಎರಡನೇ ದಿನಾನೇ ಆಂಬುಲೆನ್ಸ್ ಬಂದ್ರೆ ಉಳಿದೋರೆಲ್ಲ ಗೇಟ್ ಹಾರ್ತಾರೆ. ನಾಲ್ಕು ಜನ ಹಿಡ್ಕೊಂಡಿರ್ತೀವಿ, ತಲೆ ಮೇಲೆ ತಣ್ಣೀರು ಹಾಕಿ. ಇವೆಲ್ಲ ನಾವು ನೋಡಿದೀವಿ."

"ಸಾರ್, ಹಿಡ್ಕೊಂಡ್ರೆ ಹೃದಯ ನಿಲ್ಲುತ್ತೆ," ಎಂದೆ. "ಆಮೇಲೆ ಬರೋದು ಆಂಬುಲೆನ್ಸ್ ಅಲ್ಲ."

ಅವರು ಬಾಗಿಲು ಬಿಟ್ಟು ಪಕ್ಕಕ್ಕೆ ಸರಿದರು. ನನ್ನ ದನಿ ನನಗೇ ಗುರುತು ಸಿಗಲಿಲ್ಲ.

ಲೈನ್ ಹಾಕಲು ಮೂರು ಸಲ ಚುಚ್ಚಬೇಕಾಯಿತು. ಅವನ ಕೈ ಬಣ್ಣ ಹೊಡೆಯುತ್ತಲೇ ಇತ್ತು. ಹಿಡಿದಿದ್ದವನೊಬ್ಬ, "ಲೇ ಮೇಸ್ತ್ರಿ, ಸ್ವಲ್ಪ ರೆಸ್ಟ್ ತಗೊಳ್ಲಾ," ಎನ್ನುತ್ತ ಅಳುತ್ತಿದ್ದ. ಔಷಧಿ ಒಳಗೆ ಹೋದಂತೆ ಕೈ ನಿಧಾನವಾಯಿತು. ಈಗ ಇನ್ನೊಂದು ಭಯ. ಉಸಿರು ನಿಮಿಷಕ್ಕೆ ಇಪ್ಪತ್ತೆರಡು. ಹದಿನೆಂಟು. ಹದಿನಾಲ್ಕು. ಹದಿನಾಲ್ಕರಲ್ಲಿ ನಿಂತಿತು. ಕೋಲಾರ ಮುಟ್ಟುವವರೆಗೂ ಅವನ ಎದೆಯ ಮೇಲಿಂದ ನಾನು ಕಣ್ಣು ತೆಗೆಯಲಿಲ್ಲ. ಆಂಬುಲೆನ್ಸಿನ ಕಿಟಕಿಯಾಚೆ ಏನಿತ್ತೋ ಗೊತ್ತಿಲ್ಲ.

ಅವನನ್ನು ತೀವ್ರ ನಿಗಾ ಘಟಕದೊಳಗೆ ಒಯ್ದ ಮೇಲೆ ನಾನು ಹೊರಗಿನ ಬೆಂಚಿನ ಮೇಲೆ ಕೂತು ಫಾರಂ ತೆಗೆದೆ. 'ಸೋಮವಾರ, ಬೆಳಿಗ್ಗೆ ೬, ಎರಡು ಪ್ಯಾಕೆಟ್' ಎಂಬುದರ ಮೇಲೆ ಒಂದೇ ಗೆರೆ ಎಳೆದೆ, ಕೆಳಗಿನದು ಓದಲು ಬರುವಂತೆ. ಪಕ್ಕದಲ್ಲಿ ಕೆಂಪು ಇಂಕಿನಲ್ಲಿ 'ಶನಿವಾರ ಸಂಜೆ' ಎಂದು ಬರೆದು, ಹೊತ್ತು ಹಾಕಿ, ಸಹಿ ಮಾಡಿದೆ. ಅಕ್ಕ ಪಕ್ಕದಲ್ಲಿ ಕೂತು ನೋಡುತ್ತಿದ್ದಳು. ಅದೇನು ಎಂದು ಕೇಳಿದಳು. ಇದ್ದದ್ದು ಇದ್ದ ಹಾಗೆ ಹೇಳಿದೆ, ನನ್ನ ತಪ್ಪಿನಿಂದ ಹೀಗಾಯಿತು ಎಂದೂ ಹೇಳಿದೆ. ಬೈಯುತ್ತಾಳೆ ಎಂದು ಕಾದೆ. ಅವಳು ಆ ಕೆಂಪು ಅಕ್ಷರದ ಮೇಲೆ ಬೆರಳಿಟ್ಟಳು.

"ಅಂಗಾದ್ರೆ ಅವ್ನು ಏಳಿದ್ದು ನಿಜ," ಎಂದಳು. "ನಾವಿಬ್ರೂ ನಂಬ್ನಿಲ್ಲ."

ಸಂಜೆಯೊಳಗೆ ಮಂಟಪಕ್ಕೆ ಮರಳಿದೆ. ಉಳಿದ ಐವತ್ತೇಳು ಜನರನ್ನೂ, ಮನೆಯವರ ನಂಬರ್ ಇದ್ದ ಕಡೆ ಮನೆಯವರನ್ನೂ ಮತ್ತೆ ಕೇಳಿದೆ. ಈ ಸಲ ಫಾರಂ ಓದಲಿಲ್ಲ. ಕನ್ನಡದವರಿಗೆ 'ಕೊನೇಗೆ ಕುಡ್ದಿದ್ದು ಯಾವಾಗಣ್ಣಾ' ಎಂದೆ, ಲೈನ್‌ಗಳ ತಮಿಳರಿಗೆ ತಮಿಳಲ್ಲಿ, ಗಡಿಯವರಿಗೆ ತೆಲುಗಿನಲ್ಲಿ. ಕುಡಿದ ವಸ್ತು, ಅಂಗಡಿ, ಬಣ್ಣ, ಎಲ್ಲ ಕೇಳಿದೆ. ಇನ್ನೂ ಇಬ್ಬರ ಕಾಲಂ ತಪ್ಪಿತ್ತು. ಒಬ್ಬನಿಗೆ ಆ ಸಂಜೆಯೇ ಡೋಸ್ ಏರಿಸಿದರು. ಅವನಿಗೇನೂ ಆಗಲಿಲ್ಲ. ಆ ರಾತ್ರಿ ನನಗೆ ಊಟ ಸೇರಲಿಲ್ಲ. ಇಷ್ಟು ವರ್ಷ, ಇಷ್ಟು ಶಿಬಿರಗಳಲ್ಲಿ, ನನ್ನ ಹಾಗೆ ನಾಲಿಗೆ ತಿದ್ದಿಕೊಂಡವರು ತುಂಬಿದ ಎಷ್ಟು ಕಾಲಂ ಹೀಗೆ ಇರಬಹುದು. ಗೋಡೆಯ ಮೇಲಿನ ಆ ದೊಡ್ಡ ಅಂಕಿ ಬಂದಿದ್ದು ಇಂಥ ಕಾಲಂಗಳಿಂದಲೇ ತಾನೇ.

ಶುಕ್ರವಾರ ಅವನ ತಲೆ ತಿಳಿಯಾಯಿತು. ನೋಡಲು ಹೋದಾಗ ನಾಚಿಕೊಂಡು ಕೇಳಿದ: "ಸಿಸ್ಟರ್, ಛತ್ರದ ಗೋಡೆಗೆ ಬಣ್ಣ ಒಡೀತಿದ್ನಂತೆ?"

"ಫಸ್ಟ್ ಕೋಟ್ ಆಗಿದೆ," ಎಂದೆ.

ಸೋಮವಾರ ಸಮಾರೋಪ. ನಿಯಮದ ಪ್ರಕಾರ ಮಂಟಪ ಬಿಟ್ಟು ಹೋದವರಿಗೆ ಪ್ರಮಾಣಪತ್ರವಿಲ್ಲ. ಡಾಕ್ಟರು ಅಧ್ಯಕ್ಷರ ಹತ್ತಿರ ಮಾತಾಡಿದರು: ಅವನು ಇದ್ದದ್ದು ಆಸ್ಪತ್ರೆಯ ಮಂಚದ ಮೇಲೆ, ಅದೂ ಶಿಬಿರವೇ. ಅಧ್ಯಕ್ಷರು ಸಹಿ ಹಾಕಿ ನನ್ನ ಕೈಗಿತ್ತರು. "ಸ್ಟೇಜ್ ಮೇಲೆ ಬೇಡ ಸಿಸ್ಟರ್, ಬೇರೆಯವರು ಕೇಳ್ತಾರೆ. ನೀವೇ ಕೊಟ್ಬಿಡಿ." ಅವತ್ತೇ ಬೆಳಿಗ್ಗೆ ಆಸ್ಪತ್ರೆಯಿಂದ ಬಿಡುಗಡೆಯಾಗಿ, ಅಕ್ಕನ ಹೆಗಲು ಹಿಡಿದು ಅವನು ಮೆಟ್ಟಿಲು ಹತ್ತಿ ಬಂದ. ವಧುವಿನ ಕೋಣೆಯಲ್ಲಿ, ಖಾಲಿಯಾದ ಔಷಧಿ ಪೆಟ್ಟಿಗೆಗಳ ನಡುವೆ, ನಾನು ಎದ್ದು ನಿಂತು ಕೊಟ್ಟೆ. ಅವನು ಎರಡೂ ಕೈ ಚಾಚಿ ತಗೊಂಡ. ಕೈ ಇನ್ನೂ ಸ್ವಲ್ಪ ನಡುಗುತ್ತಿತ್ತು.

"ಏನಂತ ಬರ್ದವ್ರೆ ಓದ್ಲಾ," ಎಂದಳು ಅಕ್ಕ.

ಅವನು ತಡವರಿಸುತ್ತ ಓದಿದ. ಹೆಸರು, ಊರು. "ಸೋಮವಾರದಿಂದ ಎಂಟು ದಿನ ಮದ್ಯಮುಕ್ತನಾಗಿದ್ದು..."

"ಎಂಟಾ?" ಅಕ್ಕ ಆ ಕಾಗದವನ್ನು ಅವನ ಕೈಯಿಂದ ತಗೊಂಡು ನನ್ನ ಮೇಜಿನ ಮೇಲಿಟ್ಟಳು, ಪಕ್ಕದಲ್ಲಿದ್ದ ಕೆಂಪು ಪೆನ್ನನ್ನು ನನ್ನ ಕಡೆ ತಳ್ಳಿದಳು. "ಶನಿವಾರದಿಂದ ಅಲ್ವೇನಮ್ಮಾ? ಆ ಎರಡು ದಿನ ಸೂಜಿ ಇಲ್ಲ, ಡಾಕ್ಟ್ರು ಇಲ್ಲ, ನಂಬೋರೂ ಇಲ್ಲ. ಒಬ್ನೇ ತಡ್ಕೊಂಡ. ಅದ್ನೂ ಸೇರ್ಸಿ ಬರಿ."